ಊರು ಬಿಟ್ಟವರ ಲೆಕ್ಕ

ಇತಿಹಾಸಕಾರ ಸ್ಯಾಮ್ಯುಯೆಲ್ ಕೋನ್ ಅವರ ಬಗ್ಗೆ ಓದಿಬಲ್ಲವರ ನಡುವೆ ಒಂದು ತೀರ್ಪು ಗಟ್ಟಿಯಾಗಿ ಕೂತುಬಿಟ್ಟಿದೆ: ದಂಗೆಗಳ ಮೇಲೆ ಬರೆದದ್ದು ಉಳಿಯುತ್ತದೆ, ಪ್ಲೇಗಿನ ಮೇಲೆ ಬರೆದದ್ದು ಬಿದ್ದುಹೋಯಿತು. 1348ರಲ್ಲಿ ಯುರೋಪನ್ನು ಬರಿದು ಮಾಡಿದ ಬೇನೆ ಇಲಿ-ಚಿಗಟಗಳ ಪ್ಲೇಗೇ ಅಲ್ಲ ಎಂದು ಅವರು 2002ರ 'ದಿ ಬ್ಲ್ಯಾಕ್ ಡೆತ್ ಟ್ರಾನ್ಸ್‌ಫಾರ್ಮ್ಡ್'ನಲ್ಲಿ ವಾದಿಸಿದ್ದರು. 2011ರಲ್ಲಿ ಲಂಡನ್ನಿನ ಈಸ್ಟ್ ಸ್ಮಿತ್‌ಫೀಲ್ಡಿನಲ್ಲಿ ಹೂತಿದ್ದ ಹೆಣಗಳ ಹಲ್ಲಿನಿಂದ ಪ್ಲೇಗಿನ ಅಣುಜೀವಿ ಯೆರ್ಸೀನಿಯಾ ಪೆಸ್ಟಿಸ್‌ನ ಜೀನೋಮನ್ನೇ ವಿಜ್ಞಾನಿಗಳು ಜೋಡಿಸಿ ತೋರಿಸಿದರು. ಅಲ್ಲಿಗೆ ಪುಸ್ತಕದ ಕಥೆ ಮುಗಿಯಿತು ಎನ್ನುತ್ತಾರೆ.

ನಾನು ಒಪ್ಪುವುದಿಲ್ಲ. ಪುಸ್ತಕ ಎಡವಿದ್ದು ನಿಜ, ಆದರೆ ಅದು ಎಡವಿದ ಜಾಗ ಪ್ರಯೋಗಾಲಯವಲ್ಲ, ನಮ್ಮ ಹೊಲ. ಸಿಂದಗಿ ತಾಲೂಕಿನ ಕನ್ನೊಳ್ಳಿಯಂಥ ಊರಿನಿಂದ ನೋಡುವವನಿಗೆ ಇದು ಎದ್ದು ಕಾಣುತ್ತದೆ.

ಕೋನ್ ಅವರ ವಾದ ನಿಂತಿರುವುದೇ ಹೋಲಿಕೆಯ ಮೇಲೆ. ಒಂದು ಕಡೆ ಫ್ಲಾರೆನ್ಸ್, ಇನ್ನೊಂದು ಕಡೆ 1896ರಲ್ಲಿ ಮುಂಬಯಿಗೆ ಬಂದು ಅಲ್ಲಿಂದ ರೈಲು ಹತ್ತಿ ಒಳನಾಡಿಗೆಲ್ಲ ಹಬ್ಬಿದ ಪ್ಲೇಗು. ಫ್ಲಾರೆನ್ಸಿನಲ್ಲಿ ಕೆಲವೇ ತಿಂಗಳಲ್ಲಿ ಅರ್ಧ ನಗರವೇ ಹೋಯಿತು. ಇಲ್ಲಿ ಬೇನೆ ದಶಕಗಳ ಕಾಲ ಕಾಡಿ ಕೋಟಿಗೂ ಮೀರಿ ಜನರನ್ನು ತಿಂದಿತಾದರೂ, ಅತಿ ಕೆಟ್ಟ ವರ್ಷದಲ್ಲೂ ದೇಶದ ನೂರು ಜನಕ್ಕೆ ಒಬ್ಬರಂತೆ ಸಾಯಲಿಲ್ಲ. ಇಲ್ಲಿ ಮೊದಲು ಇಲಿ ಬೀಳುತ್ತಿದ್ದವು, ಆಮೇಲೆ ಮನುಷ್ಯರು. ಯುರೋಪಿನ ವೃತ್ತಾಂತಕಾರರು ಇಲಿಯ ಸುದ್ದಿಯನ್ನೇ ಎತ್ತುವುದಿಲ್ಲ. ಅಲ್ಲಿ ಎರಡನೆಯ, ಮೂರನೆಯ ಸಲ ಬಂದಾಗ ಬೇನೆ ಹೆಚ್ಚಾಗಿ ಮಕ್ಕಳನ್ನು ಹಿಡಿಯಿತು, ದೊಡ್ಡವರಿಗೆ ಅಷ್ಟರಲ್ಲಿ ತಾಳಿಕೆ ಬಂದಂತಿತ್ತು. ಇಲ್ಲಿ ಅಂಥ ತಾಳಿಕೆ ಕಾಣಲಿಲ್ಲ. ಈ ಪ್ರಶ್ನೆಗಳನ್ನು ಅಷ್ಟು ನಿಷ್ಠುರವಾಗಿ ಅವರ ಮೊದಲು ಕೇಳಿದವರು ಕಡಿಮೆ. ಡಿಎನ್ಎ ಉತ್ತರ ಕೊಟ್ಟದ್ದು ಕೊಂದದ್ದು ಯಾವುದು ಎನ್ನುವುದಕ್ಕೆ. ಹೇಗೆ ಅಷ್ಟು ಬೇಗ ಹರಡಿತು ಎಂಬುದಕ್ಕೆ ವಿದ್ವಾಂಸರು ಇವತ್ತಿಗೂ ಮನುಷ್ಯರ ಮೈಮೇಲಿನ ಹೇನು-ಚಿಗಟಗಳ ಲೆಕ್ಕ ಹಾಕುತ್ತಲೇ ಇದ್ದಾರೆ. ಆ ಮಟ್ಟಿಗೆ ಕೋನ್ ಗೆದ್ದರು ಅಂತಲೇ ನನ್ನ ಎಣಿಕೆ.

ನನ್ನ ತಕರಾರು ಬೇರೆ. ಭಾರತದ ಸಾವಿನ ಅಂಕಿಯನ್ನು ಅವರು ರೋಗದ ಗುಣವೆಂದು ಓದುತ್ತಾರೆ. ಅದು ರೋಗದ ಗುಣವೊಂದೇ ಅಲ್ಲ, ಅದರೊಳಗೆ ಜನ ಮಾಡಿದ ಕೆಲಸವೂ ಸೇರಿದೆ.

ಕೆಲಸವೆಂದರೆ ಊರು ಬಿಡುವುದು. ನಮ್ಮ ಸೀಮೆಯ ಹಳೆಯ ಮನೆಯನ್ನು ಕಣ್ಣಮುಂದೆ ತಂದುಕೊಳ್ಳಿ. ಮೊಳಗಟ್ಟಲೆ ದಪ್ಪದ ಮಣ್ಣಿನ ಗೋಡೆ, ಮೇಲೆ ಮಣ್ಣಿನ ಮಾಳಿಗೆ, ಬೆಳಕು ಬರುವುದಕ್ಕೆ ಒಂದೇ ಬೆಳಕಿಂಡಿ, ಒಳಗೆ ದನ, ಪಡಸಾಲೆಯ ಕೆಳಗೋ ಓಣಿಯಲ್ಲೋ ಜೋಳ ತುಂಬಿದ ಹಗೇವು. ಹಗೇವೆಂದರೆ ನೆಲದೊಳಗೆ ತೋಡಿದ ಕಣಜ, ಸುತ್ತ ಹುಲ್ಲಿನ ಹೊದಿಕೆ, ಬಾಯಿಗೆ ಕಲ್ಲುಚಪ್ಪಡಿ, ಮೇಲೆ ಮಣ್ಣು. ಬರಗಾಲಕ್ಕೆಂದು ಕಾದಿಟ್ಟ ಕಾಳು ಇಲಿಗೂ ಬದುಕು. ಪ್ಲೇಗಿಗೆ ಇದಕ್ಕಿಂತ ಒಳ್ಳೆಯ ಬಿಡಾರ ಬೇಕೆ? ಆದರೆ ಜಂತಿಯಿಂದ ಸತ್ತ ಇಲಿ ಬಿತ್ತೆಂದರೆ ಜನ ವೈದ್ಯರಿಗಾಗಿ ಕಾಯಲಿಲ್ಲ. ದನ-ಕರು, ಒಲೆ-ಪಾತ್ರೆ ಸಮೇತ ಹೊಲಕ್ಕೆ ಹೋಗಿ ಜೋಪಡಿ ಹಾಕಿದರು. ಜೋಳದ ಕಣಿಕೆಯ ಗೋಡೆ, ಕಣಿಕೆಯ ಸೂರು, ಇಲಿಗೆ ಅಡಗಲು ಜಾಗವಿಲ್ಲ. ತಿಂಗಳುಗಟ್ಟಲೆ ಅಲ್ಲೇ ಬಾಣಂತನ, ಅಲ್ಲೇ ಮದುವೆಯ ಮಾತುಕತೆ. ಹಳ್ಳಿ ತೆರವು ಮಾಡುವುದೇ ಹೆಚ್ಚು ಉಪಯೋಗಕ್ಕೆ ಬರುತ್ತದೆಂದು ಸರಕಾರಿ ಡಾಕ್ಟರುಗಳೂ ಬೇಗನೆ ಒಪ್ಪಿಕೊಂಡರು.

ಕನ್ನಡದ ಓದುಗರಿಗೆ ಈ ಜೋಪಡಿ ಹೊಸದಲ್ಲ. ಅನಂತಮೂರ್ತಿಯವರ 'ಸಂಸ್ಕಾರ'ದಲ್ಲಿ ಪ್ಲೇಗು ಧರ್ಮಸಂಕಟದ ಹಿನ್ನೆಲೆಯಾಗಿ ನಿಂತರೆ, ಭೈರಪ್ಪನವರ 'ಗೃಹಭಂಗ'ದಲ್ಲಿ ಊರು ಬಿಟ್ಟು ಶೆಡ್ಡು ಹಾಕುವ ದುಡಿಮೆಯೇ ಕಥೆಯಾಗುತ್ತದೆ. ಪ್ಲೇಗಿನ ಚರಿತ್ರೆಗೆ ನನ್ನ ಮಟ್ಟಿಗೆ ಎರಡನೆಯದೇ ಹೆಚ್ಚಿನ ಸಾಕ್ಷಿ. ನಮ್ಮ ವಿಮರ್ಶಕರು ಮೊದಲನೆಯದನ್ನೇ ಹಿಡಿದು ಕೂತಿದ್ದಾರೆ, ಇರಲಿ.

ಯುರೋಪಿನವರೂ ಓಡಿಹೋಗಲಿಲ್ಲವೇ, ಫ್ಲಾರೆನ್ಸಿನ ಪ್ಲೇಗಿನಿಂದ ಪಾರಾಗಲು ಬೊಕಾಚಿಯೋನ ಕಥೆಗಾರರು ಬೆಟ್ಟದ ಬಂಗಲೆ ಸೇರಲಿಲ್ಲವೇ ಎಂದು ಕೇಳಬಹುದು. ಸೇರಿದರು, ಉಳ್ಳವರ ಮಕ್ಕಳಾದ್ದರಿಂದ. ಇಡೀ ಊರು ದನಕರುಗಳೊಂದಿಗೆ ಹೊರಬೀಳುವುದಕ್ಕೂ ಹತ್ತು ಜನ ಸಿರಿವಂತರು ಪಾರಾಗುವುದಕ್ಕೂ ಅಜಗಜಾಂತರ. ಇನ್ನೊಂದು ಆಕ್ಷೇಪಣೆ ಇದಕ್ಕಿಂತ ಬಿರುಸಿನದು: ಹೊಲವಿದ್ದವನು ಹೊಲಕ್ಕೆ ಹೋದ, ಹೊಲವಿಲ್ಲದ ಕೇರಿಯವನು ಎಲ್ಲಿಗೆ ಹೋಗಬೇಕಿತ್ತು? ಇದನ್ನು ತಳ್ಳಿಹಾಕಲಾರೆ. ಆದರೆ ಇದು ನನ್ನ ಮಾತನ್ನು ಕೆಡಿಸುವುದಿಲ್ಲ, ಇನ್ನಷ್ಟು ಬಿಗಿ ಮಾಡುತ್ತದೆ. ಸಾವು ಯಾರ ಪಾಲಿಗೆ ಎಷ್ಟು ಬಂತೆನ್ನುವುದು ಅಣುಜೀವಿಯಿಂದಷ್ಟೇ ಅಲ್ಲ, ಭೂಮಿಯ ಹಂಚಿಕೆಯಿಂದಲೂ ತೀರ್ಮಾನವಾಯಿತು ಎಂದರೆ, ಭಾರತದ ಸರಾಸರಿಯನ್ನು ಫ್ಲಾರೆನ್ಸಿನ ಎದುರು ಇಟ್ಟು ಇವು ಎರಡು ಬೇರೆ ರೋಗ ಎನ್ನುವುದು ಹೇಗೆ?

ವಿಪರ್ಯಾಸವೆಂದರೆ, ಜನ ಊರು ಬಿಡುವುದನ್ನು ಕೋನ್ ಅವರಷ್ಟು ಚೆನ್ನಾಗಿ ಬಲ್ಲವರು ಕಡಿಮೆ. 'ಕ್ರಿಯೇಟಿಂಗ್ ದಿ ಫ್ಲಾರೆಂಟೈನ್ ಸ್ಟೇಟ್' 1999ರಲ್ಲೇ ಬಂದಿತ್ತು. ಫ್ಲಾರೆನ್ಸಿನ ತೆರಿಗೆ ತಾಳಲಾರದೆ ಬೆಟ್ಟದ ರೈತರು ಗಡಿ ದಾಟಿದರು, ದಂಗೆ ಎದ್ದರು, ಕಡೆಗೆ ನಗರವೇ ಅವರ ತೆರಿಗೆ ಇಳಿಸಬೇಕಾಯಿತು ಎಂದು ಅಲ್ಲಿ ಸಾಧಿಸಿದವರು ಅವರೇ. ಗಡಿ ದಾಟಿದ ರೈತ ಆ ಪುಸ್ತಕದಲ್ಲಿ ರಾಜಕಾರಣಿ. ಮೂರು ವರ್ಷದ ನಂತರದ ಪುಸ್ತಕದಲ್ಲಿ ಇಲಿ ಬಿದ್ದೊಡನೆ ಊರು ಬಿಟ್ಟ ರೈತ ಬರೀ ಮರಣಪ್ರಮಾಣದ ಒಂದು ಅಂಕಿ.

ನಮ್ಮಲ್ಲಂತೂ ಆ ರಾಜಕಾರಣ ಹಳೆಯದು. ಕಂದಾಯ ಹೆಚ್ಚಾದರೆ ರೈತರು ಊರು ತೊರೆಯುವುದು, ಅಧಿಕಾರಿ ರಿಯಾಯಿತಿಯ ಕೌಲು ಬರೆದುಕೊಟ್ಟು ವಾಪಸು ಕರೆಸುವುದು ದಖ್ಖನಿನ ರೂಢಿಯೇ ಆಗಿತ್ತು. 1688ರಲ್ಲಿ ಬಿಜಾಪುರದಲ್ಲಿ ಪ್ಲೇಗು ಬಿದ್ದಾಗ ಔರಂಗಜೇಬನ ಹೆಂಡತಿ ಔರಂಗಾಬಾದಿ ಮಹಲ್ ತೀರಿಕೊಂಡಳು, ಸೇನಾಪತಿ ಫಿರೋಜ್ ಜಂಗ್ ಕಣ್ಣು ಕಳೆದುಕೊಂಡ. ಬಾದಶಹನೂ ದಂಡು ಎತ್ತಿಕೊಂಡು ಹೊರಟ. ರೈತನಿಗೆ ಗೊತ್ತಿದ್ದ ಉಪಾಯವೇ ಅದು.

2006ರ 'ಲಸ್ಟ್ ಫಾರ್ ಲಿಬರ್ಟಿ' ನನಗೆ ಅವರ ಅತ್ಯುತ್ತಮ ಪುಸ್ತಕ. ಸಾವಿರಕ್ಕೂ ಮೇಲ್ಪಟ್ಟ ದಂಗೆಗಳನ್ನು ಎಣಿಸಿ, ಹೊಟ್ಟೆಗಿಲ್ಲದೆ ಎದ್ದವು ಕಡಿಮೆ, ಬಹುಪಾಲು ಪ್ರಭುತ್ವದ ವಿರುದ್ಧ, ಹಕ್ಕಿಗಾಗಿ ಎದ್ದವು ಎಂದು ಅದು ತೋರಿಸಿತು. ಆ ಕಣ್ಣಿನಿಂದ ನೋಡಿದರೆ 1824ರ ಸಿಂದಗಿಯ ಬಂಡಾಯ ಬೇರೆಯೇ ಕಾಣುತ್ತದೆ. ದಿವಾಕರ ದೀಕ್ಷಿತ ಜನ ಕಟ್ಟಿಕೊಂಡು ತನ್ನದೇ ಆಡಳಿತ ಹೂಡಿ ಕಂದಾಯ ವಸೂಲಿಗೆ ಏರ್ಪಾಡು ಮಾಡಿದ, ಧಾರವಾಡದಿಂದ ಸೈನ್ಯ ಬಂದು ಹತ್ತಿಕ್ಕಿತು. ಗಜೆಟಿಯರಿಗೆ ಅದು ಲೂಟಿ. ಕಂದಾಯದ ಲೆಕ್ಕ ಇಡುವ ಲೂಟಿಕೋರ ಎಲ್ಲಿದ್ದಾನೆ? ಕೋನ್ ಅವರ ಪಟ್ಟಿಯಲ್ಲಾದರೆ ಇದಕ್ಕೆ ನ್ಯಾಯ ಸಿಗುತ್ತಿತ್ತು. ಆದರೆ ಅವರ ಎಣಿಕೆಗೆ ಸಿಗುವುದು ಗದ್ದಲ. ಕಲ್ಲು ಬೀಳಬೇಕು, ಗಂಟೆ ಬಾರಿಸಬೇಕು, ಯಾರಾದರೂ ಬರೆದಿಡಬೇಕು. 2018ರ 'ಎಪಿಡೆಮಿಕ್ಸ್'ನಲ್ಲಿ, ಸಾಂಕ್ರಾಮಿಕವೆಂದರೆ ದ್ವೇಷ ಎಂಬ ಹಳೆಯ ನಂಬಿಕೆಯನ್ನು ಅವರು ಚೆನ್ನಾಗಿಯೇ ಮುರಿಯುತ್ತಾರೆ, ಭಾರತದ ಪ್ಲೇಗು ಗಲಭೆಗಳಲ್ಲಿ ಹಿಂದೂ-ಮುಸ್ಲಿಮರು ಒಂದಾದದ್ದನ್ನು ಗುರುತಿಸುತ್ತಾರೆ. 1897ರ ಸಾಂಕ್ರಾಮಿಕ ರೋಗಗಳ ಕಾಯ್ದೆಯ ಕೆಳಗೆ ಮನೆ ಹೊಕ್ಕು ಹೆಂಗಸರ ಮೈ ತಪಾಸಣೆ ಮಾಡಿದಾಗ ಪುಣೆ ಸಿಡಿಯಿತು, ಆ ಜೂನಿನಲ್ಲಿ ಚಾಪೇಕರ ಸಹೋದರರು ಪ್ಲೇಗು ಅಧಿಕಾರಿ ರ್‍ಯಾಂಡ್‌ಗೆ ಗುಂಡಿಟ್ಟರು. ಅದು ಪತ್ರಿಕೆಗೆ ಬಂತು. ಸರಕಾರದ ಕ್ಯಾಂಪಿಗೆ ಹೋಗದೆ ತಮ್ಮ ಹೊಲಕ್ಕೇ ಹೋದ ಹಳ್ಳಿ ಪತ್ರಿಕೆಗೆ ಬರಲಿಲ್ಲ.

ಹಾಗಾದರೆ ನನ್ನ ವಾದಕ್ಕೆ ಪುರಾವೆ ಎಲ್ಲಿ ಹುಡುಕಬೇಕು? ಆ ಕಾಲದಲ್ಲಿ ಹುಟ್ಟು-ಸಾವಿನ ದಾಖಲೆ ಹಳ್ಳಿ ಮಟ್ಟದಲ್ಲೇ ಇಡುತ್ತಿದ್ದರು. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಾಗೇವಾಡಿಗಳ ಹಳ್ಳಿಗಳಲ್ಲಿ ಜನ ಹೊರಬಿದ್ದ ದಿನವನ್ನೂ ಸಾವು ನಿಂತ ದಿನವನ್ನೂ ಅಕ್ಕಪಕ್ಕ ಇಟ್ಟು ನೋಡಬೇಕು. ಹೊರಬಿದ್ದ ಎರಡು-ಮೂರು ವಾರದಲ್ಲಿ ಸಾವು ಇಳಿದಿದ್ದರೆ, ಫ್ಲಾರೆನ್ಸಿಗೂ ನಮಗೂ ಇರುವ ಅಂತರದಲ್ಲಿ ಒಂದು ಪಾಲು ಈ ಜನರದೇ. ಬಿಸಿಲು ಏರಿ ತಾನಾಗಿಯೇ ಇಳಿದಿದ್ದರೆ, ಊರಲ್ಲೇ ಉಳಿದವರೂ ಹೊರಬಿದ್ದವರೂ ಒಂದೇ ಪ್ರಮಾಣದಲ್ಲಿ ಸತ್ತಿದ್ದರೆ, ನನ್ನ ತಕರಾರು ವಾಪಸು ತೆಗೆದುಕೊಂಡು ಕೋನ್ ಅವರ 2002ರ ಹೋಲಿಕೆಯನ್ನು ಹಾಗೆಯೇ ಬಿಡುತ್ತೇನೆ.