ಬಿದಿರುಮೆಳೆಯ ಶಾಮ

ಗಣೇಶಗುಡಿಯ ಓಲ್ಡ್ ಮ್ಯಾಗಜಿನ್ ಹೌಸ್‌ನಲ್ಲಿ ಹಕ್ಕಿಗಳಿಗೆಂದೇ ಇಟ್ಟಿರುವ ನೀರಿನ ತೊಟ್ಟಿಗೆ ಹಗಲೆಲ್ಲ ಗದ್ದಲ. ಶಾಮನ ಹೊತ್ತು ಅದಲ್ಲ. ಕ್ಯಾಮೆರಾದವರು ಬೆಳಕು ಸಾಲದೆಂದು ಎದ್ದು ಹೊರಡುವ ವೇಳೆಗೆ ಮೆಳೆಯೊಳಗಿಂದ ‘ಟಕ್, ಟಕ್’ ಎಂಬ ಗದರಿಕೆ ಕೇಳುತ್ತದೆ. ಮಿರುಗುವ ಕಪ್ಪು ಎದೆ, ಇಟ್ಟಿಗೆಗೆಂಪು ಹೊಟ್ಟೆ, ಬಾಲದ ಬುಡದಲ್ಲಿ ಅಚ್ಚಬಿಳಿ ಪಟ್ಟೆ. ಕೂತೊಡನೆ ಆ ನೀಳ ಬಾಲ ಸರಕ್ಕನೆ ಮೇಲೆದ್ದು, ಮೆಲ್ಲಗೆ ಇಳಿಯುತ್ತದೆ. ಗಂಡಿನ ಒಟ್ಟು ಉದ್ದ ಸುಮಾರು 28 ಸೆಂ.ಮೀ.; ಅದರಲ್ಲಿ ಹೆಚ್ಚುಕಡಿಮೆ ಅರ್ಧ ಬಾಲವೇ.

ಹಿತ್ತಲಿನ ಮಡಿವಾಳ ಹಕ್ಕಿಗೆ ಶಾಮ ದಾಯಾದಿ. ಮಡಿವಾಳ ತಂತಿಯ ಮೇಲೋ ಮಾಡಿನ ತುದಿಯಲ್ಲೋ ಕೂತು ಊರಿಗೆಲ್ಲ ಕಾಣುವಂತೆ ಹಾಡಿದರೆ, ಶಾಮ ಕಾಡಿನ ನೆರಳು ಬಿಟ್ಟು ಬರುವುದು ಅಪರೂಪ. ಕಂಠ ಮಾತ್ರ ಇನ್ನೂ ತುಂಬಿದ್ದು. ತಗ್ಗುದನಿಯಲ್ಲಿ ಎಳೆದು ಹಾಡುತ್ತಿದ್ದದ್ದು ಒಮ್ಮೆಲೇ ಮೇಲಕ್ಕೆ ಚಿಮ್ಮುತ್ತದೆ, ನಡುವೆ ನೆರೆಯ ಹಕ್ಕಿಗಳ ಕೂಗನ್ನೂ ಸೇರಿಸಿಕೊಳ್ಳುತ್ತದೆ. ಪಶ್ಚಿಮ ಘಟ್ಟದಲ್ಲಿ ಇದರಷ್ಟು ಚೆನ್ನಾಗಿ ಹಾಡುವ ಹಕ್ಕಿ ಇನ್ನೊಂದಿಲ್ಲ. ವಿಸ್ಲಿಂಗ್ ಥ್ರಶ್‌ನ ಅಭಿಮಾನಿಗಳು ಇದನ್ನು ಒಪ್ಪಲಿಕ್ಕಿಲ್ಲ. ಅವರೊಮ್ಮೆ ಏಪ್ರಿಲ್ ತಿಂಗಳ ನಸುಕಿನಲ್ಲಿ ದಾಂಡೇಲಿಯ ಬಿದಿರುಕಾಡಿಗೆ ಹೋಗಿ ಬರಲಿ.

ಕುಂದಾಪುರದ ಕನ್ನಡಕ್ಕೂ ಧಾರವಾಡದ ಕನ್ನಡಕ್ಕೂ ಇರುವಂತೆ ಶಾಮನಿಗೂ ಸೀಮೆಯಿಂದ ಸೀಮೆಗೆ ವ್ಯತ್ಯಾಸವುಂಟು. ನಮ್ಮ ಘಟ್ಟದ್ದು ಮಲಬಾರಿಕಸ್ ಎಂಬ ಉಪಪ್ರಭೇದ. ಇಡೀ ಪ್ರಭೇದಕ್ಕೆ ಹೆಸರು ಬಂದದ್ದೂ ಈ ಕರಾವಳಿಯಿಂದಲೇ: 18ನೇ ಶತಮಾನದ ಕೊನೆಯಲ್ಲಿ ನಿಸರ್ಗವಿಜ್ಞಾನಿ ಸ್ಕೋಪೋಲಿ ಇದಕ್ಕೆ ಹೆಸರಿಟ್ಟದ್ದು ಮಲಬಾರಿನ ಮಾಹೆಯ ಹಕ್ಕಿಯನ್ನು ಆಧಾರವಾಗಿಟ್ಟುಕೊಂಡು. ಹಿಮಾಲಯದ ತಪ್ಪಲಿನದು ಇಂಡಿಕಸ್, ಶ್ರೀಲಂಕಾದ್ದು ಲೆಗ್ಗೈ. ಅಂಡಮಾನಿನ ಹಕ್ಕಿಗೆ ಹೊಟ್ಟೆಯೇ ಬಿಳಿ. ಈಗ ಅದನ್ನು ಬೇರೆಯೇ ಪ್ರಭೇದವೆಂದು ಎಣಿಸುವವರಿದ್ದಾರೆ. ಬೋರ್ನಿಯೋದ ಉತ್ತರಕ್ಕೆ ಹೋದರೆ ನೆತ್ತಿಯ ಮೇಲೆ ಬಿಳಿ ಟೊಪ್ಪಿ. ಸುಮಾತ್ರಾದ ಪಶ್ಚಿಮಕ್ಕಿರುವ ದ್ವೀಪಗಳಲ್ಲಿ ಬಾಲದ ಅಂಚಿನ ಬಿಳಿಯೂ ಮಾಯ, ಪೂರ್ತಿ ಕಪ್ಪು. ಕಡಲು ಕಾಡನ್ನು ತುಂಡರಿಸಿದಲ್ಲೆಲ್ಲ ಹಕ್ಕಿ ತನ್ನದೇ ಬಣ್ಣ ಕಟ್ಟಿಕೊಂಡಿದೆ.

ಜಗತ್ತಿನಲ್ಲಿ ಮೊದಲು ಧ್ವನಿಮುದ್ರಣಗೊಂಡ ಹಕ್ಕಿಹಾಡೆಂದು ದಾಖಲಾಗಿರುವುದು ಕೂಡ ಶಾಮನದೇ. 1889ರಲ್ಲಿ ಜರ್ಮನಿಯ ಲುಡ್ವಿಗ್ ಕೋಚ್ ಎಂಬ ಎಂಟು ವರ್ಷದ ಹುಡುಗ, ಅಪ್ಪ ತಂದುಕೊಟ್ಟ ಎಡಿಸನ್ ಯಂತ್ರದ ಮೇಣದ ಸಿಲಿಂಡರಿನಲ್ಲಿ ಅದನ್ನು ಹಿಡಿದ. ಹಾಡಿದ ಹಕ್ಕಿ ಪಂಜರದಲ್ಲಿತ್ತು.

ಆ ಪಂಜರವೇ ಈಗ ಅದಕ್ಕೆ ಕಂಟಕ. ಇಂಡೋನೇಷ್ಯಾದಲ್ಲಿ ಇದು ‘ಮುರೈ ಬಾಟು’, ಹಾಡುಹಕ್ಕಿಗಳ ಪಂದ್ಯದ ಪಟ್ಟದ ಆಳು. ಉದ್ದ ಬಾಲಕ್ಕೆ, ಗಟ್ಟಿ ಗಂಟಲಿಗೆ ದುಡ್ಡು ಸುರಿಯುತ್ತಾರೆ. ಬಲೆ ಹಾಕುವವರು ಒಂದು ಕಾಡು ಬರಿದಾದರೆ ಮುಂದಿನ ಕಾಡಿಗೆ, ಒಂದು ದ್ವೀಪ ಮುಗಿದರೆ ಇನ್ನೊಂದಕ್ಕೆ ಹೋಗುತ್ತಾರೆ. ಬೇರೆಬೇರೆ ಸೀಮೆಯ ಹಕ್ಕಿಗಳನ್ನು ಪಂಜರದಲ್ಲಿ ಕೂಡಿಸಿ ಮರಿ ಮಾಡಿಸುವುದೂ ಇದೆ. ಹಾಗೆ ಹುಟ್ಟಿದ ಹಕ್ಕಿ ಎಷ್ಟೇ ಚೆನ್ನಾಗಿ ಹಾಡಲಿ, ಅದಕ್ಕೆ ತನ್ನದೆಂಬ ಕಾಡಿಲ್ಲ. 2022ರಲ್ಲಿ ಪನಾಮಾದಲ್ಲಿ ನಡೆದ, ವನ್ಯಜೀವಿಗಳ ವ್ಯಾಪಾರ ನಿಯಂತ್ರಿಸುವ ಅಂತರರಾಷ್ಟ್ರೀಯ ಒಪ್ಪಂದವಾದ ಸೈಟ್ಸ್‌ನ ಸಮ್ಮೇಳನ ಶಾಮನನ್ನು ಎರಡನೇ ಅನುಬಂಧಕ್ಕೆ ಸೇರಿಸಿತು. ಅಂದಿನಿಂದ ಗಡಿ ದಾಟಿಸಿ ಮಾರಲು ಪರವಾನಗಿ ಬೇಕು. ಒಂದೇ ದೇಶದೊಳಗೆ ದ್ವೀಪದಿಂದ ದ್ವೀಪಕ್ಕೆ ಸಾಗುವ ಪಂಜರಕ್ಕೆ ಆ ನಿಯಮ ತಟ್ಟುವುದಿಲ್ಲ.