ಯುಗಾಂತರ ತಂಡ ಮತ್ತು ನಿಪ್ಪಾಣಿಯ ತಂಬಾಕು ಕಾರ್ಮಿಕರು: ಸಾಕ್ಷ್ಯಚಿತ್ರ ನಿರ್ಮಾಣದ ಒಂದು ಪ್ರಶ್ನೆ

ಸಾಮಾಜಿಕ ಪರಿವರ್ತನೆಯ ಆಶಯವುಳ್ಳ ಸಾಕ್ಷ್ಯಚಿತ್ರಗಳ ವಿಮರ್ಶೆಯು ಬಹುಮಟ್ಟಿಗೆ ವಸ್ತುವಿನಲ್ಲಿಯೇ ನಿಂತುಬಿಡುತ್ತದೆ. ಚಿತ್ರವು ಯಾವ ಅನ್ಯಾಯವನ್ನು ಕುರಿತದ್ದು ಎಂದು ಕೇಳಿದಷ್ಟು, ಅದು ಯಾರ ನಿರ್ಧಾರಗಳಿಂದ ರೂಪುಗೊಂಡಿತು ಎಂದು ಕೇಳಿದ್ದು ಕಡಿಮೆ. 1948ರಲ್ಲಿ ಸ್ಥಾಪಿತವಾದ ಫಿಲ್ಮ್ಸ್ ಡಿವಿಷನ್ನಿನ ಎಷ್ಟೋ ಚಿತ್ರಗಳು ಸಾರಿದ್ದೂ ಪರಿವರ್ತನೆಯನ್ನೇ. ಆದರೆ ಸಾಮಾನ್ಯವಾಗಿ ಅವುಗಳಲ್ಲಿ ಮಾತು ನಿರೂಪಕನದು. ಜನರದು ಕೇವಲ ಮುಖ.

ಈ ಹಿನ್ನೆಲೆಯಲ್ಲಿ ಯುಗಾಂತರ ಚಲನಚಿತ್ರ ತಂಡದ ಕಾರ್ಯವಿಧಾನ ಪರಿಶೀಲನಾರ್ಹವಾಗಿದೆ. ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಹಾಗೂ ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಅವರನ್ನೊಳಗೊಂಡ ಈ ತಂಡ 1980ರಲ್ಲಿ ಬೆಂಗಳೂರಿನಲ್ಲಿ ರೂಪುಗೊಂಡಿತು. ಪುಣೆಯ ಮನೆಗೆಲಸದ ಮಹಿಳೆಯರ ಸಂಘಟನೆಯನ್ನು ಕುರಿತ 'ಮೋಲ್ಕರೀಣ್' (1981) ಚಿತ್ರದ ನಂತರ, ಬೆಳಗಾವಿ ಜಿಲ್ಲೆಯ ನಿಪ್ಪಾಣಿಯ ತಂಬಾಕು ಕಾರ್ಖಾನೆಗಳಲ್ಲಿ ದುಡಿಯುತ್ತಿದ್ದ ಮಹಿಳೆಯರನ್ನು ಕುರಿತು 'ತಂಬಾಕೂ ಚಾಕಿಲಾ ಊಬ್ ಆಲೀ' (1982) ಸಿದ್ಧವಾಯಿತು. ಶೀರ್ಷಿಕೆಯ 'ಊಬ್' ಎಂಬ ಮರಾಠಿ ಪದಕ್ಕೆ ಕಾವು ಎಂದರ್ಥ.

ತಂಡವು ತಿಂಗಳುಗಟ್ಟಲೆ ಈ ಮಹಿಳೆಯರೊಡನೆ ಒಡನಾಡಿ, ಏನನ್ನು, ಹೇಗೆ ಚಿತ್ರಿಸಬೇಕೆಂಬುದನ್ನು ಅವರೊಂದಿಗೆ ಕಲೆತು ನಿರ್ಧರಿಸಿತು. ನಡೆದುಹೋದ ಹೋರಾಟದ ಕೆಲವು ಸಂದರ್ಭಗಳನ್ನು ಕಾರ್ಮಿಕರೇ ಕ್ಯಾಮೆರಾದ ಮುಂದೆ ಮತ್ತೆ ಅಭಿನಯಿಸಿದರು. ಪುನರಭಿನಯದಿಂದ ಸಾಕ್ಷ್ಯದ ಪ್ರಾಮಾಣ್ಯ ಕುಗ್ಗುತ್ತದೆಂಬ ಆಕ್ಷೇಪವುಂಟು; ಸಾಕ್ಷ್ಯಚಿತ್ರವೆಂದರೆ ಆಕಸ್ಮಿಕವಾಗಿ ದೊರೆತ ದೃಶ್ಯವೆಂದು ಭಾವಿಸುವವರಿಗೆ ಅದು ಸಹಜವೇ. ಆದರೆ ಮುಷ್ಕರ ನಡೆದಾಗ ಅಲ್ಲಿ ಕ್ಯಾಮೆರಾ ಇರಲಿಲ್ಲವೆಂಬುದೂ ಒಂದು ಸಾಮಾಜಿಕ ಸತ್ಯ. ತಮ್ಮ ಹೋರಾಟದಲ್ಲಿ ಯಾವ ಗಳಿಗೆ ನೆನಪಿಡತಕ್ಕದ್ದು ಎಂದು ಆರಿಸಿದವರು ದುಡಿದವರೇ ಆಗಿರುವಾಗ, ಆ ಆಯ್ಕೆಯೇ ಮೊದಲ ದರ್ಜೆಯ ಸಾಕ್ಷ್ಯವಾಗುತ್ತದೆ. ಮರುವರ್ಷ ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯೊಡನೆ ನಿರ್ಮಿಸಿದ 'ಇದಿ ಕಥಾ ಮಾತ್ರಮೇನಾ' (1983) ಇದೇ ಜಾಡಿನಲ್ಲಿ ಮುಂದುವರಿದು, ಕೌಟುಂಬಿಕ ಹಿಂಸೆಯನ್ನು ಹೇಳಲು ಕಥಾರೂಪವನ್ನೇ ಆಶ್ರಯಿಸಿತು.

ಚಿತ್ರದ ಪರಿಣಾಮವನ್ನು ಹಿಗ್ಗಿಸಿ ಹೇಳುವುದೂ ಸಲ್ಲದು. ನಿಪ್ಪಾಣಿಯಲ್ಲಿ ಸಂಘಟನೆಯನ್ನು ಹುಟ್ಟಿಸಿದ್ದು ಸಿನಿಮಾ ಅಲ್ಲ; ಸಂಘಟನೆಯಿದ್ದುದರಿಂದಲೇ ಈ ಸಿನಿಮಾ ಸಾಧ್ಯವಾಯಿತು. ಚಿತ್ರ ಮಾಡಿದ್ದು ಒಂದೂರಿನ ಅನುಭವವನ್ನು ಇತರೆಡೆಗೆ ಒಯ್ಯುವ ಕೆಲಸ. ಜಾಗೃತಿಯ ಭಾಷೆಯಲ್ಲಿ ಮಾತನಾಡುವ ಪ್ರಚಾರಚಿತ್ರಗಳು ಈ ಕ್ರಮವನ್ನು ತಲೆಕೆಳಗು ಮಾಡಿ, ಜನರು ಚಿತ್ರ ನೋಡಿದ ಮೇಲೆಯೇ ಎಚ್ಚರಗೊಂಡರೆಂದು ಭಾವಿಸುತ್ತವೆ.

ಇನ್ನೊಂದು ತೊಡಕಿದೆ. ಕನ್ನಡನಾಡಿನ ನೆಲದಲ್ಲಿ, ಬೆಂಗಳೂರಿನ ತಂಡವೊಂದು ನಿರ್ಮಿಸಿದ ಈ ಚಿತ್ರದ ಭಾಷೆ ಮರಾಠಿ. ಭಾಷೆಯನ್ನೇ ಗಡಿಯಾಗಿಸಿಕೊಂಡ ಚಿತ್ರಚರಿತ್ರೆಯಲ್ಲಿ ಇದಕ್ಕೆ ಮನೆಯಿಲ್ಲ: ಕನ್ನಡದ ಪಟ್ಟಿಗೆ ಇದು ಪರಭಾಷೆಯದು, ಮರಾಠಿಯ ಪಟ್ಟಿಗೆ ಪರರಾಜ್ಯದ್ದು. ಯುಗಾಂತರದ ಚಿತ್ರಗಳ ಡಿಜಿಟಲ್ ಪುನರುದ್ಧಾರವು ಕೊನೆಗೆ ನಡೆದದ್ದು ದೂರದ ಬರ್ಲಿನ್ನಿನ ಆರ್ಸೆನಾಲ್ ಸಂಸ್ಥೆಯಲ್ಲಿ.