ಆರಡಿ ಆಳದ ಬಾಲ್ಕನಿ

ಮನೆ, ಬೀದಿ, ಊರು ಮೂರನ್ನೂ ಒಂದೇ ಉಸಿರಿನಲ್ಲಿ ಯೋಚಿಸುವ ಪುಸ್ತಕಗಳು ವಿರಳ. ವಾಸ್ತುಶಿಲ್ಪಿ ಕ್ರಿಸ್ಟೋಫರ್ ಅಲೆಕ್ಸಾಂಡರ್ ಮತ್ತು ಅವರ ಸಂಗಡಿಗರು 1977ರಲ್ಲಿ ಹೊರತಂದ ‘ಎ ಪ್ಯಾಟರ್ನ್ ಲ್ಯಾಂಗ್ವೇಜ್’ ಅಂಥದ್ದು. ಸಾವಿರ ಪುಟ ಮೀರಿದ ಈ ಗ್ರಂಥದಲ್ಲಿ 253 ವಿನ್ಯಾಸ ಸೂತ್ರಗಳಿವೆ. ಮೊದಲನೆಯದು ಸ್ವಾಯತ್ತ ಪ್ರಾಂತ್ಯಗಳ ಕುರಿತದ್ದಾದರೆ, ಕೊನೆಯದು ನಮ್ಮ ಬದುಕಿಗೆ ಸೇರಿದ ವಸ್ತುಗಳಿಂದಲೇ ಮನೆಯನ್ನು ಸಿಂಗರಿಸುವ ಬಗ್ಗೆ.

ನನಗೆ ಬಹಳ ಇಷ್ಟವಾದದ್ದು 167ನೆಯ ಸೂತ್ರ. ಆರಡಿಗಿಂತ ಕಡಿಮೆ ಆಳದ ಬಾಲ್ಕನಿಯನ್ನು ಜನ ಬಳಸುವುದೇ ಅಪರೂಪ ಎನ್ನುತ್ತದೆ ಅದು. ಕಾರಣ ಸರಳ: ಎರಡು ಮೂರು ಕುರ್ಚಿ, ನಡುವೆ ಒಂದು ಪುಟ್ಟ ಮೇಜು, ಕಾಲು ಚಾಚಲು ಜಾಗ ಇಷ್ಟಾದರೂ ಇರದಿದ್ದರೆ ಅಲ್ಲಿ ಕೂತು ಮಾತಾಡುವುದು ಹೇಗೆ? ಬಾಲ್ಕನಿಯ ಒಂದು ಭಾಗ ಕಟ್ಟಡದೊಳಕ್ಕೆ ಸರಿದಿದ್ದರೆ ಇನ್ನೂ ಒಳ್ಳೆಯದು; ಬೆನ್ನಿಗೆ ಆಸರೆ ಸಿಕ್ಕಂತಾಗುತ್ತದೆ. ಶೈಲಿ, ಸೌಂದರ್ಯ ಎಂದೆಲ್ಲ ದೊಡ್ಡ ಮಾತಾಡದೆ, ಕೂರುವ ಮನುಷ್ಯನ ಮೊಣಕಾಲಿನಿಂದ ಲೆಕ್ಕ ಶುರುಮಾಡುವ ಈ ಬಗೆ ನನಗೆ ವಾಸ್ತುಶಿಲ್ಪದ ದೊಡ್ಡ ಸೌಜನ್ಯವಾಗಿ ಕಾಣುತ್ತದೆ.

ಪುಸ್ತಕದ ಪ್ರಾಮಾಣಿಕತೆಯನ್ನೂ ಹೇಳಲೇಬೇಕು. ಲೇಖಕರು ತಮಗೆ ಪೂರ್ತಿ ನಂಬಿಕೆಯಿರುವ ಸೂತ್ರದ ಹೆಸರಿಗೆ ಎರಡು ನಕ್ಷತ್ರ ಹಾಕಿದ್ದಾರೆ, ಅಷ್ಟಿಲ್ಲದ್ದಕ್ಕೆ ಒಂದು. ಅನುಮಾನವಿದ್ದರೆ ಒಂದೂ ಇಲ್ಲ.

ಈ ವಿಚಾರಗಳು ಪುಸ್ತಕದಲ್ಲೇ ಉಳಿಯಲಿಲ್ಲ. ಮೆಕ್ಸಿಕೋದ ಮೆಕ್ಸಿಕಾಲಿಯಲ್ಲಿ ಐದು ಕುಟುಂಬಗಳು ಅಲೆಕ್ಸಾಂಡರ್ ತಂಡದ ಜತೆ ಸೇರಿ, ನಡುವೆ ಎಲ್ಲರಿಗೂ ಸೇರಿದ ಅಂಗಳ ಬಿಟ್ಟು, ತಮ್ಮ ಮನೆಗಳನ್ನು ತಾವೇ ರೂಪಿಸಿ ಕಟ್ಟಿಕೊಂಡವು. ಆ ಕಥೆ 1985ರ ‘ದ ಪ್ರೊಡಕ್ಷನ್ ಆಫ್ ಹೌಸಸ್’ನಲ್ಲಿದೆ.

ಮನೆ ಕಟ್ಟಿಸುತ್ತಿರುವವರು ನಕ್ಷೆ ಒಪ್ಪುವ ಮೊದಲು ಬಾಲ್ಕನಿಯ ಆಳವನ್ನೊಮ್ಮೆ ಅಳೆದು ನೋಡಿ.